ಅಧ್ಯಕ್ಷ ನಾಸೆರ್

ಅಂಚೆ ನೌಕರರೊಬ್ಬರ ಮಗನಾಗಿ 1918ರಲ್ಲಿ ಅಲೆಕ್ಸಾಂಡ್ರಿಯದಲ್ಲಿ ಜನಿಸಿದ ನಾಸೆರರು, ಈಜಿಪ್ಟಿನ ಅಧ್ಯಕ್ಷರಾಗಿ 1956ರಲ್ಲಿ ಸೂಯೆಜ್ ಕಾಲುವೆಯನ್ನು ರಾಷ್ಟ್ರೀಕರಿಸಿ ಅರಬ್ ಜನತೆಯ ಕಣ್ಮಣಿಯಾದರು. ಅರಬ್ ನಾಡುಗಳೆಲ್ಲ ಒಂದಾಗಬೇಕೆಂಬುದು ಅವರ ಹೆಬ್ಬಯಕೆ. ಆದರೆ 1958ರಲ್ಲಿ ಈಜಿಪ್ಟಿನೊಡನೆ ಕೂಡಿದ ಸಿರಿಯ, ಕೈರೋದ ಅಧಿಕಾರ ಭಾರವೆನಿಸಿ 1961ರಲ್ಲಿ ಬೇರೆಯಾಯಿತು. 1962ರಲ್ಲಿ ಯೆಮೆನ್ ಗಣರಾಜ್ಯದ ನೆರವಿಗೆ ನಾಸೆರರು ಸೈನ್ಯ ಕಳುಹಿಸಿದರು. ಸೌದಿ ಅರೇಬಿಯ ಪದಚ್ಯುತ ದೊರೆಯ ಪಕ್ಷ ವಹಿಸಿತು. ಐಕ್ಯವನ್ನು ಸಾರಿದವರು ಅರಬರ ಮೇಲೆಯೇ ಸೈನ್ಯ ನಡೆಸಿದುದು ದೊಡ್ಡ ತಪ್ಪೇ ಸರಿ. 1967ರಲ್ಲಿ ಇಸ್ರೇಲಿಗೆ ಸೋತ ಬಳಿಕ ಆ ಸೈನ್ಯ ಹಿಂದಿರುಗಿತು.

1970ರ ಸೆಪ್ಟೆಂಬರಿನಲ್ಲಿ ಜೋರ್ಡಾನಿನ ಸೇನೆಗೂ ಪ್ಯಾಲೆಸ್ಟೀನ್ ಹೋರಾಟಗಾರರಿಗೂ ಘೋರ ಕದನವಾಯಿತು. ಹೃದ್ರೋಗದಿಂದ ಬಳಲುತ್ತಿದ್ದ ನಾಸೆರರು ದೊರೆ ಹುಸೇನರನ್ನೂ ಅರಾಫತರನ್ನೂ ಕೈರೋಗೆ ಕರೆಸಿ, 27ರಂದು ಕದನವಿರಾಮಕ್ಕೆ ಒಪ್ಪಿಸಿದರು. ಮರುದಿನ ಕುವೈತಿನ ಅಮೀರರನ್ನು ವಿಮಾನ ನಿಲ್ದಾಣದಲ್ಲಿ ಬೀಳ್ಕೊಟ್ಟು ಮನೆಗೆ ಬಂದ ಅವರು ಅಂದೇ ಸಂಜೆ ಕೊನೆಯುಸಿರೆಳೆದರು. ಆಗ ಅವರಿಗೆ 52 ವರ್ಷ.