ನರಿಯ ಬಾಯಲ್ಲಿ ನೀತಿ: ಸವಡಿಯ ದುರ್ಗಸಿಂಹ

ನರಗುಂದ ಅಂದರೆ ಬಂಡಾಯ. ಗಜೇಂದ್ರಗಡ ಅಂದರೆ ಕೋಟೆ, ಕಾಲಕಾಲೇಶ್ವರ. ರೋಣ ಅಂದರೆ? ನಮ್ಮಲ್ಲಿ ಬಹಳ ಜನ ಇಲ್ಲಿ ಸುಮ್ಮನಾಗ್ತಾರೆ. ಆದರೆ ಹತ್ತನೇ ಕ್ಲಾಸಿನಲ್ಲಿ ಕನ್ನಡವನ್ನು ಪ್ರಥಮ ಭಾಷೆಯಾಗಿ ಓದಿದವರಿಗೆ ‘ವೃಕ್ಷಸಾಕ್ಷಿ’ ಅನ್ನೋ ಪಾಠ ನೆನಪಿರಬೇಕು. ಹಳಗನ್ನಡ ಗದ್ಯ, ಸಾರಾಂಶ ಬಾಯಿಪಾಠ ಮಾಡಿ ಪರೀಕ್ಷೆ ಮುಗಿಸಿದ ಪಾಠ. ಅದನ್ನು ಬರೆದ ದುರ್ಗಸಿಂಹ ರೋಣ ತಾಲೂಕಿನ ಸವಡಿಯವನು.

ಅವನ ಕಾಲದಲ್ಲಿ, ಅಂದರೆ 11ನೇ ಶತಮಾನದಲ್ಲಿ, ಸವಡಿಯ ಹೆಸರು ಸಯ್ಯಡಿ. ಕಿಸುಕಾಡು ನಾಡಿನ ಒಂದು ಅಗ್ರಹಾರ ಅದು. ಇದೇ ನಾಡನ್ನು ಚಾಲುಕ್ಯ ರಾಜಕುಮಾರಿ ಅಕ್ಕಾದೇವಿ ಆಳಿದ್ದಳು. ಈಗ ಗಜೇಂದ್ರಗಡ ತಾಲೂಕಿಗೆ ಸೇರಿದ ಸೂಡಿಯಲ್ಲಿ ಅವಳ ಕಾಲದ ಶಾಸನಗಳಿವೆ. ದುರ್ಗಸಿಂಹ ಬ್ರಾಹ್ಮಣ ಮನೆತನದವನು, ಶಂಕರಭಟ್ಟ ಅನ್ನೋ ಯೋಗಿಯ ಶಿಷ್ಯ. ಓದು ಮುಗಿಸಿ ಅವನು ಸೇರಿದ್ದು ಅಕ್ಕಾದೇವಿಯ ಸಹೋದರ, ಜಗದೇಕಮಲ್ಲ ಅನ್ನೋ ಬಿರುದಿನ ಇಮ್ಮಡಿ ಜಯಸಿಂಹನ ಆಸ್ಥಾನವನ್ನು. ಅಲ್ಲಿ ಅವನ ಹುದ್ದೆ ಸಂಧಿವಿಗ್ರಹಿ. ಸಂಧಿ ಅಂದರೆ ಒಪ್ಪಂದ, ವಿಗ್ರಹ ಅಂದರೆ ಯುದ್ಧ. ಯಾರ ಜೊತೆ ಕೈ ಜೋಡಿಸಬೇಕು, ಯಾರ ಮೇಲೆ ದಂಡೆತ್ತಬೇಕು ಅಂತ ರಾಜನಿಗೆ ಸಲಹೆ ಕೊಡೋ ಕೆಲಸ.

ಕೆಲಸ ಹಗುರದ್ದಲ್ಲ. ಜಯಸಿಂಹ ಸುಮಾರು 1015ರಿಂದ 1042ರವರೆಗೆ ಆಳಿದ. ದಕ್ಷಿಣದಲ್ಲಿ ರಾಜೇಂದ್ರ ಚೋಳ, ಉತ್ತರದಲ್ಲಿ ಪರಮಾರ ಭೋಜ, ಎರಡೂ ಕಡೆ ಬಲವಾದ ಶತ್ರುಗಳು. ಇಂಥ ಆಸ್ಥಾನದಲ್ಲಿ ಒಂದು ತಪ್ಪು ಸಲಹೆಗೆ ಸೈನ್ಯವೇ ಬೆಲೆ ತೆರಬೇಕಾಗುತ್ತೆ. ಅಲ್ಲಿ ಕೂತಿದ್ದ ಮನುಷ್ಯ 1031ರಲ್ಲಿ ಬರೆದು ಮುಗಿಸಿದ್ದು ರಾಜನ ಯುದ್ಧಗಳ ಕಥೆಯನ್ನಲ್ಲ. ಸಿಂಹ, ಎತ್ತು, ನರಿ, ಕಾಗೆ, ಗೂಬೆಗಳು ಮಾತಾಡೋ ಒಂದು ಲೋಕದ ಕಥೆಯನ್ನು. ಅದೇ ಕರ್ಣಾಟಕ ಪಂಚತಂತ್ರ.

ಪಂಚತಂತ್ರ ಅಂದ ತಕ್ಷಣ ನಮಗೆ ವಿಷ್ಣುಶರ್ಮ ನೆನಪಾಗ್ತಾನೆ. ದುರ್ಗಸಿಂಹ ಹಿಡಿದ ದಾರಿ ಬೇರೆ. ಗುಣಾಢ್ಯ ಪೈಶಾಚಿ ಭಾಷೆಯಲ್ಲಿ ಬರೆದ ಬೃಹತ್ಕಥೆಯಿಂದ ವಸುಭಾಗಭಟ್ಟ ಐದು ಕಥೆಗಳನ್ನು ಆರಿಸಿ ಸಂಸ್ಕೃತಕ್ಕೆ ತಂದ, ತಾನು ಅದನ್ನು ಕನ್ನಡಕ್ಕೆ ತರ್ತಿದ್ದೀನಿ ಅಂತ ಅವನು ಹೇಳಿಕೊಳ್ತಾನೆ. ಭೇದ, ಪರೀಕ್ಷೆ, ವಿಶ್ವಾಸ, ವಂಚನೆ, ಮಿತ್ರಕಾರ್ಯ ಅನ್ನೋದು ಅವನ ಐದು ತಂತ್ರಗಳು. ಗದ್ಯ ಪದ್ಯ ಎರಡೂ ಬೆರೆತ ಚಂಪೂ ಶೈಲಿ. ವಸುಭಾಗನ ಸಂಸ್ಕೃತ ಮೂಲ ಇವತ್ತು ಉಳಿದಿಲ್ಲ. ಆ ಪರಂಪರೆ ಹೇಗಿತ್ತು ಅಂತ ತಿಳಿಯೋಕೆ ವಿದ್ವಾಂಸರಿಗೆ ಈ ಸವಡಿಯವನ ಕನ್ನಡವೂ ಒಂದು ಮುಖ್ಯ ಆಧಾರ.

ಮೊದಲ ತಂತ್ರದ ಕಥೆ ಇಷ್ಟು. ಪಿಂಗಳಕ ಅನ್ನೋ ಸಿಂಹ, ಸಂಜೀವಕ ಅನ್ನೋ ಎತ್ತು, ಇಬ್ಬರೂ ಗೆಳೆಯರಾಗ್ತಾರೆ. ದಮನಕ ಅನ್ನೋ ನರಿಗೆ ಇದು ಸಹಿಸಲ್ಲ. ಎತ್ತು ನಿನ್ನ ಸಿಂಹಾಸನದ ಮೇಲೆ ಕಣ್ಣಿಟ್ಟಿದೆ ಅಂತ ಸಿಂಹಕ್ಕೆ, ಸಿಂಹ ನಿನ್ನ ತಿನ್ನೋಕೆ ಕಾಯ್ತಿದೆ ಅಂತ ಎತ್ತಿಗೆ ಹೇಳ್ತಾನೆ. ಕೊನೆಗೆ ಸಿಂಹ ತನ್ನ ಗೆಳೆಯನನ್ನೇ ಕೊಲ್ಲುತ್ತೆ.

ಚಿಕ್ಕವರಿದ್ದಾಗ ಇದರಿಂದ ನಾವು ಕಲಿತ ನೀತಿ ಚಾಡಿ ಮಾತು ಕೇಳಬಾರದು ಅಂತ. ಈಗ ಓದಿದರೆ ಇನ್ನೊಂದು ವಿಷಯ ಕಾಣುತ್ತೆ. ಈ ಕಥೆಯಲ್ಲಿ ದಮನಕ ದಡ್ಡನಲ್ಲ. ರಾಜನ ಮನಸ್ಸು ಓದೋದು, ಸಮಯ ನೋಡಿ ಮಾತಾಡೋದು, ಮಾತಿಗೆ ಪುರಾವೆಯಾಗಿ ಕಥೆ ಹೇಳೋದು, ಎಲ್ಲ ಅವನಿಗೆ ಬರುತ್ತೆ. ಫಂಕ್ಷನ್ ಒಳಗೆ ಇನ್ನೊಂದು ಫಂಕ್ಷನ್ ಕರೆದ ಹಾಗೆ ಇಲ್ಲಿ ಕಥೆಯೊಳಗೆ ಕಥೆ ಬರುತ್ತೆ. ಒಳ್ಳೆಯವನೂ ಕಥೆ ಹೇಳ್ತಾನೆ, ಕೆಟ್ಟವನೂ ಹೇಳ್ತಾನೆ. ಇಬ್ಬರ ಬಾಯಲ್ಲೂ ನೀತಿ ಚೆನ್ನಾಗೇ ಕೇಳಿಸುತ್ತೆ. ಯಾವುದನ್ನು ನಂಬಬೇಕು ಅಂತ ತೀರ್ಮಾನ ಮಾಡಬೇಕಾದವನು ಕೇಳುಗ.

ಇದನ್ನು ಬರೆದವನ ಹುದ್ದೆ ನೆನಪಿಸಿಕೊಳ್ಳಿ. ರಾಜನ ಕಿವಿಗೆ ಹತ್ತಿರ ಕೂತು ಸಂಧಿ, ವಿಗ್ರಹ ಅಂತ ಸಲಹೆ ಕೊಡೋನು. ಅಂದರೆ ದಮನಕ ಕೂತ ಜಾಗದಲ್ಲೇ ದುರ್ಗಸಿಂಹನೂ ಕೂತಿದ್ದ. ಮಂತ್ರಿಯ ಜಾಣತನ ಎಷ್ಟು ಅಪಾಯಕಾರಿ ಅಂತ ಮಂತ್ರಿಯೊಬ್ಬನೇ ಬರೆದ ಪುಸ್ತಕ ಇದು. ಆಸ್ಥಾನದ ಮನುಷ್ಯರ ಹೆಸರು ಹಾಕಿ ಬರೆದಿದ್ದರೆ ಯಾರದ್ದೋ ಮೇಲೆ ದೂರು ಆಗ್ತಿತ್ತು. ಕಾಡಿನ ಹೆಸರಲ್ಲಿ ಬರೆದಿದ್ದಕ್ಕೆ ಯಾವ ಆಸ್ಥಾನಕ್ಕೂ ಒಪ್ಪುತ್ತೆ.

ವೃಕ್ಷಸಾಕ್ಷಿಯಲ್ಲೂ ಇದೇ ಪ್ರಶ್ನೆ. ಗೆಳೆಯ ಧರ್ಮಬುದ್ಧಿಯ ಜೊತೆ ಹೂತಿಟ್ಟ ಹಣವನ್ನು ದುಷ್ಟಬುದ್ಧಿ ತಾನೇ ಕದ್ದು, ಮರವೇ ಸಾಕ್ಷಿ ಅಂತಾನೆ. ತನ್ನ ತಂದೆಯನ್ನೇ ಆಲದ ಮರದ ಪೊಟರೆಯಲ್ಲಿ ಕೂರಿಸ್ತಾನೆ. ಮರ ಮಾತಾಡಿತು ಅಂತ ಎಲ್ಲರೂ ಬೆರಗಾಗಿ ನಿಂತಾಗ ಧರ್ಮಬುದ್ಧಿ ಕೈ ಮುಗಿದು ಸುಮ್ಮನಾಗಲ್ಲ. ಮರದೊಳಗೆ ಏನಿದೆ ಅಂತ ಪರೀಕ್ಷೆ ಮಾಡ್ತಾನೆ. ಪೊಟರೆಗೆ ಬೆಂಕಿ ಹೊಗೆ ಹಾಕಿದಾಗ ಸತ್ಯ ಹೊರಗೆ ಬರುತ್ತೆ, ಮಗನ ಆಸೆಗೆ ತಂದೆಯ ಜೀವ ಹೋಗುತ್ತೆ. ಸಾಕ್ಷಿ ಎಷ್ಟೇ ದೊಡ್ಡದಿರಲಿ, ಒಳಗೆ ನೋಡು ಅನ್ನೋದು ಇದರ ಪಾಠ.

ಈ ಕಥೆಗಳು ದೂರ ಹೋಗಿವೆ. 8ನೇ ಶತಮಾನದಲ್ಲೇ ಅರಬ್ಬಿ ಭಾಷೆಯಲ್ಲಿ ಕಲೀಲ ಮತ್ತು ದಿಮ್ನ ಅನ್ನೋ ಪುಸ್ತಕ ಬಂತು. ಆ ಹೆಸರುಗಳು ನಮ್ಮ ಕರಟಕ, ದಮನಕ ಅನ್ನೋ ನರಿಗಳದ್ದೇ. ಕನ್ನಡಕ್ಕೆ ದುರ್ಗಸಿಂಹ ಮಾಡಿದ ಇನ್ನೊಂದು ಉಪಕಾರವೂ ಇದೆ. ಪಂಪ, ಪೊನ್ನರ ಜೊತೆ ಶ್ರೀವಿಜಯ, ಅಸಗ, ಕನ್ನಮಯ್ಯ, ಮನಸಿಜ ಮೊದಲಾದ ಹಿಂದಿನ ಕವಿಗಳನ್ನು ಅವನು ಹೆಸರು ಹಿಡಿದು ನೆನೆದಿದ್ದಾನೆ. ಅವರಲ್ಲಿ ಕೆಲವರ ಕಾವ್ಯ ಕಳೆದುಹೋಗಿದೆ, ಹೆಸರು ಉಳಿದಿದೆ.

ಪಂಚತಂತ್ರದ ಕಥೆ ಮತ್ತೆ ಎಲ್ಲಾದರೂ ಸಿಕ್ಕರೆ, ಈ ಸಲ ನೀತಿ ಏನು ಅಂತ ಹುಡುಕೋ ಮೊದಲು ಅದನ್ನು ಹೇಳ್ತಿರೋದು ಯಾರು, ಯಾಕೆ ಹೇಳ್ತಿದ್ದಾರೆ ಅಂತ ನೋಡಿ. ಸವಡಿಯ ಸಂಧಿವಿಗ್ರಹಿ ಕನ್ನಡದ ಓದುಗರ ಮುಂದೆ ಇಟ್ಟಿದ್ದು ಆ ಪ್ರಶ್ನೆಯನ್ನೇ.