ಬರ್ಲಿನ್ ನೆರಳು, ತಾತಗುಣಿ ಮೌನ: ದೇವಿಕಾ ರಾಣಿ ಬದುಕು

ಬೆಂಗಳೂರು: ಇಂದಿರಾನಗರದ ಮ್ಯಾಕ್ಸ್ ಮುಲ್ಲರ್ ಭವನದ ನಂಟಿನಿಂದ ಜರ್ಮನ್ ಚಿತ್ರಗಳ ರುಚಿ ಕಂಡ ನಗರದ ಚಿತ್ರಪ್ರೇಮಿಗಳಿಗೂ ದೇವಿಕಾ ರಾಣಿ ಎಂದೊಡನೆ ನೆನಪಾಗುವುದು ಕನಕಪುರ ರಸ್ತೆಯ ತಾತಗುಣಿ ಎಸ್ಟೇಟ್ ಮತ್ತು ಅದರ ವ್ಯಾಜ್ಯ. ಜರ್ಮನಿಯ ಭಯ ಹಾಗೂ ಕುತೂಹಲದ ಮೂಕಿ ಪರಂಪರೆಯನ್ನು ಅದರ ತವರಿನಲ್ಲೇ ಕಂಡುಬಂದವರು ಆಕೆ ಎಂಬುದು ಬಹುತೇಕ ಮರೆತೇಹೋಗಿದೆ.

1908ರಲ್ಲಿ ವಾಲ್ಟೇರಿನಲ್ಲಿ ಜನಿಸಿದ ದೇವಿಕಾ, ಇಂಗ್ಲೆಂಡಿನಲ್ಲಿ ಓದಿ, 1929ರಲ್ಲಿ ನಿರ್ಮಾಪಕ ಹಿಮಾಂಶು ರಾಯ್ ಅವರನ್ನು ವರಿಸಿದರು. ಪತಿಯೊಡನೆ ಬರ್ಲಿನ್ನಿನ ಉಫಾ ಸ್ಟುಡಿಯೋ ಸೇರಿದಾಗ ಮೂಕಿಯುಗ ಮುಗಿಯುತ್ತಿತ್ತು. ತರಬೇತಿ ದೊರೆತದ್ದು ಎರಿಕ್ ಪಾಮರ್ ಅವರ ಘಟಕದಲ್ಲಿ. ಪಾಮರ್ ಸಾಮಾನ್ಯರಲ್ಲ, 1920ರ ‘ಡಾ. ಕ್ಯಾಲಿಗರಿ’ ತಯಾರಾದದ್ದು ಅವರ ಸಂಸ್ಥೆಯಲ್ಲೇ. ಆ ಚಿತ್ರದಲ್ಲಿ ಮನೆ, ಬೀದಿ, ಕಿಟಕಿಗಳೆಲ್ಲ ಸೊಟ್ಟ. ನೆರಳುಗಳನ್ನೂ ಬಣ್ಣದಿಂದಲೇ ಬಿಡಿಸಲಾಗಿತ್ತು. ನಿದ್ದೆಯಲ್ಲೇ ನಡೆದು ಕೊಲ್ಲುವವನ ಕಥೆ ಹೇಳುತ್ತಿದ್ದವನು ಸ್ವತಃ ಹುಚ್ಚಾಸ್ಪತ್ರೆಯ ರೋಗಿ ಎಂಬುದು ಕೊನೆಯಲ್ಲಿ ಬಯಲಾಗುತ್ತದೆ. ಅಲ್ಲಿಯವರೆಗೆ ನಂಬಿದ್ದೆಲ್ಲ ನಿಜವೇ ಎಂಬ ಅನುಮಾನ ಪ್ರೇಕ್ಷಕನನ್ನು ಮನೆಯವರೆಗೂ ಹಿಂಬಾಲಿಸುತ್ತದೆ. ಭೂತಪ್ರೇತಗಳಿಗಿಂತ ಇದು ಹೆಚ್ಚು ದಿಗಿಲು ಹುಟ್ಟಿಸುವಂಥದ್ದು.

1934ರಲ್ಲಿ ದಂಪತಿ ಬಾಂಬೆ ಟಾಕೀಸ್ ಸ್ಥಾಪಿಸಿದರು. ನಿರ್ದೇಶಕ ಫ್ರಾಂಜ್ ಆಸ್ಟೆನ್, ಛಾಯಾಗ್ರಾಹಕ ಜೋಸೆಫ್ ವಿರ್ಷಿಂಗ್ ಜರ್ಮನಿಯಿಂದ ಬಂದರು. 1935ರಲ್ಲಿ ತೆರೆಕಂಡ ಮೊದಲ ಚಿತ್ರ ‘ಜವಾನಿ ಕೀ ಹವಾ’ ರೈಲಿನಲ್ಲಿ ನಡೆಯುವ ಕೊಲೆಯ ಕಥೆ, ನಾಯಕಿ ದೇವಿಕಾ. ಮರುವರ್ಷದ ‘ಅಛೂತ್ ಕನ್ಯಾ’ ಆಕೆಯನ್ನು ಮನೆಮಾತಾಗಿಸಿತು.

1939ರಲ್ಲಿ ಮಹಾಯುದ್ಧ ಆರಂಭವಾಗುತ್ತಲೇ ಬ್ರಿಟಿಷರು ಜರ್ಮನ್ ತಂತ್ರಜ್ಞರನ್ನು ಬಂಧನದಲ್ಲಿಟ್ಟರು. 1940ರಲ್ಲಿ ರಾಯ್ ತೀರಿಕೊಂಡರು. ತಂತ್ರಜ್ಞರೂ ಇಲ್ಲದ, ಪತಿಯೂ ಇಲ್ಲದ ಸ್ಟುಡಿಯೋವನ್ನು ಒಳಜಗಳಗಳ ನಡುವೆ ದೇವಿಕಾ ಐದು ವರ್ಷ ನಡೆಸಿದರು. 1943ರ ‘ಕಿಸ್ಮತ್’ ದಾಖಲೆ ಓಟ ಕಂಡಿತು. ದಿಲೀಪ್ ಕುಮಾರ್ ಅವರನ್ನು ಚಿತ್ರರಂಗಕ್ಕೆ ತಂದವರೂ ಆಕೆಯೇ.

1945ರಲ್ಲಿ ರಷ್ಯನ್ ಚಿತ್ರಕಲಾವಿದ ಸ್ವೆತೋಸ್ಲಾವ್ ರೋರಿಚ್ ಅವರನ್ನು ಮದುವೆಯಾಗಿ ಸಿನಿಮಾ ತೊರೆದರು. ವಿಪರ್ಯಾಸವೆಂದರೆ, ಬಾಂಬೆ ಟಾಕೀಸ್ ಅತ್ಯುತ್ತಮ ನಿಗೂಢ ಚಿತ್ರ ‘ಮಹಲ್’ ತೆಗೆದದ್ದು 1949ರಲ್ಲಿ, ಆಕೆ ಹೊರನಡೆದ ಬಳಿಕ. ಪಾಳು ಬಂಗಲೆಯ ಆ ಕತ್ತಲೆಯನ್ನು ಸೆರೆಹಿಡಿದವರು ಬಂಧನದಿಂದ ಮರಳಿದ್ದ ವಿರ್ಷಿಂಗ್.

ಅಷ್ಟರಲ್ಲಿ ದೇವಿಕಾ ಬೇರೆಯೇ ಬದುಕು ಆರಿಸಿಕೊಂಡಿದ್ದರು. ತಾತಗುಣಿಯಲ್ಲಿ ಸುಗಂಧ ತೈಲದ ಲಿನಾಲೋ ಮರಗಳ ಕೃಷಿ ನಡೆಯಿತು. 1969ನೇ ಸಾಲಿನಲ್ಲಿ ಮೊತ್ತಮೊದಲ ಫಾಲ್ಕೆ ಪ್ರಶಸ್ತಿ ಆಕೆಗೆ ಸಂದಿತು. ತೆರೆಗೆ ಮಾತ್ರ ಆಕೆ ಮರಳಲಿಲ್ಲ. ರೋರಿಚ್ 1993ರ ಜನವರಿಯಲ್ಲಿ, ದೇವಿಕಾ 1994ರ ಮಾರ್ಚ್ 9ರಂದು ಬೆಂಗಳೂರಿನಲ್ಲಿ ನಿಧನರಾದರು. ಮಕ್ಕಳಿರಲಿಲ್ಲ. ಎಸ್ಟೇಟ್ ಸ್ವಾಧೀನಕ್ಕೆ ರಾಜ್ಯ ಸರ್ಕಾರ 1996ರಲ್ಲಿ ಕಾಯ್ದೆ ತಂದಿತು. ಸುಪ್ರೀಂ ಕೋರ್ಟ್ ಅದನ್ನು ಎತ್ತಿಹಿಡಿದದ್ದು 2011ರ ಆಗಸ್ಟಿನಲ್ಲಿ.