ನೆನಪಿನ ಪೆಟ್ಟಿಗೆಗಳು

ನ್ಯೂಯಾರ್ಕ್ ನಗರದ ಕ್ವೀನ್ಸ್ ಭಾಗದಲ್ಲಿ ಯುಟೋಪಿಯ ಪಾರ್ಕ್‌ವೇ ಎಂಬ ಬೀದಿಯುಂಟು. ಅಲ್ಲಿಯ ಚಿಕ್ಕ ಮನೆಯೊಂದರಲ್ಲಿ ತಾಯಿ ಮತ್ತು ತಮ್ಮನೊಡನೆ 1929ರಿಂದ ವಾಸವಾಗಿದ್ದವನು ಜೋಸೆಫ್ ಕಾರ್ನೆಲ್. ಯಾವ ಕಲಾಶಾಲೆಯಲ್ಲಿಯೂ ಅವನು ಕಲಿತವನಲ್ಲ. ಆದರೂ ಇಪ್ಪತ್ತನೆಯ ಶತಮಾನದ ಅಮೆರಿಕದ ಕಲೆಯ ಚರಿತ್ರೆಯನ್ನು ಅವನ ಹೆಸರನ್ನು ಬಿಟ್ಟು ಬರೆಯುವಂತಿಲ್ಲ.

1903ರ ಡಿಸೆಂಬರ್ 24ರಂದು ನ್ಯೂಯಾರ್ಕ್ ರಾಜ್ಯದ ನಯಾಕ್ ಎಂಬ ಊರಿನಲ್ಲಿ ಕಾರ್ನೆಲ್ ಜನಿಸಿದನು. ತಂದೆತಾಯಿಗಳಿಬ್ಬರೂ ಹಳೆಯ ಡಚ್ ಮನೆತನಗಳವರು. ಕಾಸು ಹಾಕಿದರೆ ಆಟ ತೋರಿಸುವ ಯಂತ್ರಗಳು, ಬೊಂಬೆಗಳು, ಜಾದೂಗಾರರ ಚಮತ್ಕಾರಗಳು ಆ ಬಾಲ್ಯವನ್ನು ತುಂಬಿದ್ದವು. ಕಿರಿಯ ತಮ್ಮ ರಾಬರ್ಟನಿಗೆ ಮಾತ್ರ ಹುಟ್ಟಿನಿಂದಲೇ ಕೈಕಾಲು ಸ್ವಾಧೀನದಲ್ಲಿರಲಿಲ್ಲ. 1917ರಲ್ಲಿ ತಂದೆ ತೀರಿಕೊಂಡನು. ಮನೆಯವರ ಪಾಲಿಗೆ ಸಾಲ ಉಳಿಯಿತು. ಕಾರ್ನೆಲ್ ಓದು ಮುಗಿಸಿ ಅರ್ಹತಾಪತ್ರ ಪಡೆಯದೆಯೇ ಶಾಲೆ ಬಿಟ್ಟು, 1921ರಲ್ಲಿ ಬಟ್ಟೆಯ ಸಗಟು ವ್ಯಾಪಾರದ ಸಂಸ್ಥೆಯೊಂದರಲ್ಲಿ ಮಾರಾಟಗಾರನಾದನು.

ಮಿತಭಾಷಿಯಾದ ಅವನಿಗೆ ಆ ಉದ್ಯೋಗ ಒಗ್ಗುವಂಥದಾಗಿರಲಿಲ್ಲ. ಆದರೆ ಬಿಡುವು ದೊರೆತಾಗ ಹಳೆಯ ಪುಸ್ತಕದ ಅಂಗಡಿಗಳಲ್ಲಿ ಅಲೆಯುವ ಸುಖ ದೊರೆಯುತ್ತಿತ್ತು. ಮಾಸಿದ ಭೂಪಟಗಳು, ಅಂಚೆಚೀಟಿಗಳು, ಗಡಿಯಾರದ ಸುರುಳಿಗಳು, ಗೋಲಿಗಳು, ಕಪ್ಪೆಚಿಪ್ಪುಗಳು — ಪರರು ಬೇಡವೆಂದದ್ದೆಲ್ಲ ಅವನ ಮನೆ ಸೇರಿತು. 1931ರಲ್ಲಿ ಮ್ಯಾಕ್ಸ್ ಅರ್ನ್‌ಸ್ಟ್ ಎಂಬ ಕಲಾವಿದನು ಹಳೆಯ ಮುದ್ರಿತ ಚಿತ್ರಗಳನ್ನು ಕತ್ತರಿಸಿ ಅಂಟಿಸಿದ್ದ ಕೃತಿಗಳನ್ನು ಕಂಡಾಗ, ತನ್ನ ಸಂಗ್ರಹದ ಉಪಯೋಗವೇನೆಂಬುದು ಅವನಿಗೆ ಹೊಳೆಯಿತು.

ಹಗಲು ದುಡಿಮೆ, ತಮ್ಮನ ಆರೈಕೆ; ರಾತ್ರಿ ಮನೆಯವರು ಮಲಗಿದ ಮೇಲೆ ಅಡಿಗೆಮನೆಯ ಮೇಜೇ ಕಾರ್ಯಾಗಾರ. ಮರದ ಪುಟ್ಟ ಪೆಟ್ಟಿಗೆಗೆ ಮುಂದೆ ಗಾಜು ಹಾಕಿ, ಒಳಗೆ ಆ ವಸ್ತುಗಳನ್ನು ಜೋಡಿಸುವುದೇ ಅವನ ಕಲೆ. ಹೊಸ ಮರ ಹಳೆಯದರಂತೆ ತೋರಲೆಂದು ಬಣ್ಣದ ಮೇಲೆ ಬಣ್ಣ ಬಳಿದು, ಕೆಲವೊಮ್ಮೆ ಒಲೆಯಲ್ಲಿಟ್ಟು ಬಿಸಿ ಮಾಡುತ್ತಿದ್ದನಂತೆ! 1936ರಲ್ಲಿ ನ್ಯೂಯಾರ್ಕಿನ ಆಧುನಿಕ ಕಲಾ ಸಂಗ್ರಹಾಲಯದಲ್ಲಿ ಪ್ರದರ್ಶಿತವಾದ ಪೆಟ್ಟಿಗೆಯಲ್ಲಿ ಚಂದ್ರನ ನಕಾಶೆ, ಗಾಜಿನ ಲೋಟದಲ್ಲಿಟ್ಟ ಮೊಟ್ಟೆ, ಬೊಂಬೆಯ ತಲೆ, ಜೇಡಿಮಣ್ಣಿನ ಕೊಳವೆ ಇವೆ. ಆ ಕೊಳವೆ ಡಚ್ ಪೂರ್ವಿಕರ ಕುರುಹೆಂದೂ, ಅಲ್ಲಿರುವ ನಾಲ್ಕು ಸಿಲಿಂಡರುಗಳು ನಾಲ್ವರು ಒಡಹುಟ್ಟಿದವರೆಂದೂ ಹೇಳುವ ವಿಮರ್ಶಕರಿದ್ದಾರೆ. 1942ರ ಮೆಡಿಚಿ ಪೆಟ್ಟಿಗೆಯಲ್ಲಂತೂ ಬಾಲ್ಯದ ಆ ಕಾಸಿನ ಯಂತ್ರವೇ ಮರಳಿ ಬಂದಿದೆ. ನಡುವೆ ನಿಂತವನು ಪುರಾತನ ಇಟಲಿಯ ಒಬ್ಬ ಹುಡುಗ. ವಿಚಿತ್ರವೆಂದರೆ, ಇಟಲಿಯನ್ನಾಗಲಿ ಯೂರೋಪಿನ ಬೇರಾವ ದೇಶವನ್ನಾಗಲಿ ಕಾರ್ನೆಲ್ ಎಂದೂ ಕಂಡವನಲ್ಲ.

1965ರಲ್ಲಿ ರಾಬರ್ಟ್ ತೀರಿಕೊಂಡನು. ಮರುವರ್ಷ ತಾಯಿಯೂ ಹೋದಳು. ಮನೆ ಬರಿದಾಯಿತು. ತಮ್ಮನು ವಶದಲ್ಲಿಲ್ಲದ ಕೈಯಿಂದಲೇ ಬರೆದಿಟ್ಟಿದ್ದ ಇಲಿ ಮೊಲಗಳ ಚಿತ್ರಗಳು ಉಳಿದಿದ್ದವು. ಅಣ್ಣನು ಅವನ್ನು ತನ್ನ ಕೃತಿಗಳಲ್ಲಿ ಸೇರಿಸಿ, 1966ರಲ್ಲಿ ರಾಬರ್ಟನ ಹೆಸರಿನಲ್ಲಿಯೇ ಸ್ಮಾರಕ ಪ್ರದರ್ಶನವೊಂದನ್ನು ನಡೆಸಿದನು.

1972ರಲ್ಲಿ ನ್ಯೂಯಾರ್ಕಿನ ಕೂಪರ್ ಯೂನಿಯನ್ ವಿದ್ಯಾಸಂಸ್ಥೆಯಲ್ಲಿ ಮಕ್ಕಳಿಗಾಗಿಯೇ ಅವನ ಪ್ರದರ್ಶನ ಏರ್ಪಟ್ಟಿತು. ಪೆಟ್ಟಿಗೆಗಳನ್ನು ಮಕ್ಕಳ ಕಣ್ಣಿನ ಎತ್ತರಕ್ಕೆ ಇಡಲಾಗಿತ್ತು. ಬಂದವರಿಗೆ ಕೇಕು, ಪಾನೀಯಗಳ ಉಪಚಾರ ನಡೆಯಿತು. ಅದೇ ವರ್ಷದ ಡಿಸೆಂಬರ್ 29ರಂದು, ಅರವತ್ತೊಂಬತ್ತು ತುಂಬಿ ಐದೇ ದಿನಗಳಾಗಿದ್ದಾಗ, ಕಾರ್ನೆಲ್ ಯುಟೋಪಿಯ ಪಾರ್ಕ್‌ವೇಯ ಆ ಮನೆಯಲ್ಲಿಯೇ ಕಣ್ಣು ಮುಚ್ಚಿದನು.